ನಮ್ಮ ಮನೆಯಲ್ಲಿ ಇದಕ್ಕಿಂತ ಕೆಟ್ಟದ್ದು ನಡೆದಿದೆ

ಮೊನ್ನೆ ಸಾರಿಗೆ ಒಗ್ಗರಣೆ ಹಾಕುವ ಮುಂಚೆ ಅಡುಗೆಮನೆಯ ಕಿಟಕಿ ಮುಚ್ಚಲು ಕೈ ಹೋಯಿತು. ಅರ್ಧ ಮುಚ್ಚಿದ ಮೇಲೆ, ಇನ್ನು ಮುಚ್ಚಬೇಕಾಗಿಲ್ಲ ಎಂದು ನೆನಪಾಯಿತು. ಪಕ್ಕದ ಮನೆ ಖಾಲಿಯಾಗಿ ಎರಡು ತಿಂಗಳಾಗಿದೆ.

ಆ ಮನೆಯವರ ಪರಿಚಯವಾದದ್ದೇ ಒಗ್ಗರಣೆಯಿಂದ. ನಾವು ಟೋಕಿಯೋ ಪಕ್ಕದ ಉರಯಾಸುವಿನ ಈ ಅಪಾರ್ಟ್‌ಮೆಂಟಿಗೆ ಬಂದು ಇನ್ನೂ ಸಾಮಾನು ಬಿಚ್ಚಿ ಮುಗಿದಿರಲಿಲ್ಲ, ಕೊರೋನಾ ಬಂತು. ನಮ್ಮ ಯಜಮಾನರ ಆಫೀಸು, ಮಗಳು ನಿಧಿಯ ಸ್ಕೂಲು ಎರಡೂ ಊಟದ ಮೇಜಿನ ಮೇಲೇ ನಡೆಯುತ್ತಿದ್ದ ದಿನಗಳು. ಒಂದು ಬೆಳಿಗ್ಗೆ ಬ್ಯಾಡಗಿ ಮೆಣಸಿನಕಾಯಿ ಮುಗಿದಿತ್ತು. ಇಂಡಿಯನ್ ಅಂಗಡಿಯಿಂದ ತಂದ ಗುಂಟೂರು ಹಾಕಿ ಒಗ್ಗರಣೆ ಮಾಡಿದೆ. ಘಾಟು ಕಾರಿಡಾರಿನ ತುಂಬ ಹರಡಿತು. ರೈಲಿನಲ್ಲಿ ಯಾರಾದರೂ ಕೆಮ್ಮಿದರೆ ಪಕ್ಕದವರು ಎದ್ದುಹೋಗುತ್ತಿದ್ದ ಕಾಲ ಅದು. ನಮ್ಮ ಮಹಡಿಯ ಆರೂ ಮನೆಯವರು ಒಟ್ಟಿಗೆ ಕೆಮ್ಮಿದರು.

ಬಾಗಿಲ ಗಂಟೆ ಸದ್ದಾಯಿತು. ಬಾಗಿಲು ತೆಗೆದರೆ ಎರಡು ಮಾರು ದೂರದಲ್ಲಿ ಒಬ್ಬರು ಎತ್ತರದ ಬಿಳಿಯ ಮುದುಕಿ. ಮುಖಕ್ಕೆ ಮಾಸ್ಕು, ಕಣ್ಣಲ್ಲಿ ನೀರು, ಸ್ವೆಟರಿನ ಎರಡೂ ಮೊಣಕೈಗೆ ತೇಪೆ.

"ಸುಮಿಮಾಸೆನ್," ಎಂದೆ. ಕ್ಷಮೆ ಕೇಳಲು ನನಗೆ ಗೊತ್ತಿದ್ದ ಜಪಾನಿ ಮಾತು ಅದೊಂದೇ. ಮೂರು ಸಲ ಅಂದೆ.

"ಇದು ಅಡುಗೆಯೋ, ಆಯುಧವೋ?" ಎಂದು ಇಂಗ್ಲಿಷಿನಲ್ಲಿ ಕೇಳಿದರು. ನಿಧಿ ಹಿಂದಿನಿಂದ ಕನ್ನಡ ಮಾಡಿ ಹೇಳಿದಳು.

"ಸಾರು."

"ಹಾಗಾದರೆ ರುಚಿ ನೋಡಬೇಕು. ನೀವು ಅಷ್ಟು ಗಾಬರಿಯಾಗಬೇಡಿ. ನಮ್ಮ ಮನೆಯಲ್ಲಿ ಇದಕ್ಕಿಂತ ಕೆಟ್ಟದ್ದು ನಡೆದಿದೆ."

ಆ ಮಾತನ್ನು ಅವರ ಬಾಯಲ್ಲಿ ನಾನು ಎಷ್ಟು ಸಲ ಕೇಳಿದೆನೋ. ಹಾಲು ಉಕ್ಕಿದರೂ ಅದೇ, ಭೂಕಂಪವಾಗಿ ದೀಪ ಅಲ್ಲಾಡಿದರೂ ಅದೇ. ಹಾಗೆ ಹೇಳಿದರೆಂದರೆ ಹಿಂದೆಯೇ ಒಂದು ಕತೆ ಬರುತ್ತದೆಂದು ಅರ್ಥ.

ಮಹಡಿಯಲ್ಲಿ ಎಲ್ಲರೂ ಅವರನ್ನು ಓಕುಸಾನ್ ಎನ್ನುತ್ತಿದ್ದರು. ಇನ್ನೊಬ್ಬರ ಹೆಂಡತಿಯನ್ನು ಮರ್ಯಾದೆಯಿಂದ ಕರೆಯುವ ಮಾತು ಅದು, ನಮ್ಮ ಕಡೆ ಯಜಮಾನ್ತಿ ಅಂದ ಹಾಗೆ. ನಾನೂ ಹಾಗೇ ಕರೆದೆ. ಅವರ ಜೊತೆಗಿದ್ದವರು ನಮ್ಮ ನಿಧಿ ಓಜಿಸಾನ್, ಎಂದರೆ ತಾತ, ಎನ್ನುತ್ತಿದ್ದ ಜಪಾನಿನವರು. ಕುಳ್ಳಗೆ, ಗಟ್ಟಿಮುಟ್ಟಾಗಿ, ಮಾತಿಲ್ಲದೆ ಇರುತ್ತಿದ್ದರು. ಮರ ಸವರುವ ಮಾಲಿಯಾಗಿ ದುಡಿದವರು. ವಯಸ್ಸು ಎಂಬತ್ತು ದಾಟಿದ್ದರೂ ಬಾಲ್ಕನಿಯ ಕುಂಡದಲ್ಲಿದ್ದ ಪೈನ್ ಗಿಡದ ಎಲೆಗಳನ್ನು ಒಂದೊಂದಾಗಿ ಕೀಳುತ್ತ ಕೂರುತ್ತಿದ್ದರು.

ನಾನು ಓದಿದ್ದು ತಿಪಟೂರಿನಲ್ಲಿ ಪಿಯುಸಿವರೆಗೆ. ಓಕುಸಾನರ ಇಂಗ್ಲಿಷು ಗಂಟಲೊಳಗೆ ಉರುಳಿಕೊಂಡು ಬರುತ್ತಿತ್ತು, ಮೊದಮೊದಲು ಒಂದಕ್ಷರವೂ ಹಿಡಿಯಲು ಆಗುತ್ತಿರಲಿಲ್ಲ. ನಿಧಿ ಮಧ್ಯೆ ನಿಂತು ಹೇಳುತ್ತಿದ್ದಳು. ಮಧ್ಯಾಹ್ನ ನಾಲ್ಕಕ್ಕೆ ಅವರ ಬಾಗಿಲ ಮುಂದೆ ಒಂದು ಕುರ್ಚಿ, ನಮ್ಮ ಬಾಗಿಲ ಮುಂದೆ ಒಂದು ಕುರ್ಚಿ. ಅವರ ಟೀ ಅವರಿಗೆ, ನಮ್ಮ ಕಾಫಿ ನಮಗೆ. ಮಾತು ಅರ್ಧ ಇಂಗ್ಲಿಷು, ಅರ್ಧ ಜಪಾನಿ, ಉಳಿದದ್ದು ಕೈಸನ್ನೆ.

ಅವರು ಸ್ಕಾಟ್‌ಲೆಂಡಿನ ದೊಡ್ಡ ಮನೆತನದ ಮಗಳು. ಅಪ್ಪನಿಗೆ ಪದವಿ, ಬಿರುದು, ಸಾವಿರಾರು ಎಕರೆ ಗುಡ್ಡ. ಮನೆ ಅಂದರೆ ಕೋಟೆ. "ಎಷ್ಟು ಕೋಣೆ ಓಕುಸಾನ್?" ಎಂದು ಕೇಳಿದರೆ, "ಎಣಿಸಿದವರಿಲ್ಲ. ಬೆಚ್ಚಗಿದ್ದದ್ದು ಒಂದೇ, ಅಡುಗೆಮನೆ" ಎಂದರು. ಅದಕ್ಕೇ ನನ್ನ ಅಡುಗೆಮನೆಯ ಬಾಗಿಲಲ್ಲಿ ನಿಲ್ಲುವುದೆಂದರೆ ಅವರಿಗೆ ಅಷ್ಟು ಇಷ್ಟ.

ಅವರ ಮನೆಯ ಮದುವೆಗಳ ಕತೆ ಕೇಳುತ್ತ ಎರಡು ವರ್ಷದ ಕೊರೋನಾ ಕಳೆಯಿತು ಅಂದರೆ ಸುಳ್ಳಲ್ಲ. ಓಕುಸಾನರ ತಾತನಿಗೆ ನಿಶ್ಚಯವಾಗಿದ್ದದ್ದು ಒಂದು ಮನೆಯ ಅಕ್ಕ. ಮದುವೆಯ ಬೆಳಿಗ್ಗೆ ಅವನು ತಂಗಿಯನ್ನು ಕರೆದುಕೊಂಡು ಚರ್ಚಿಗೆ ಹೋದ. ಕೇಕಿನ ಮೇಲೆ ಅಕ್ಕನ ಹೆಸರಿತ್ತು. ಹುಡುಗಿಯರ ಅಪ್ಪ ಚಾಕು ತೆಗೆದುಕೊಂಡು ಹೆಸರು ಕೆರೆದು, ಅದೇ ಕೇಕನ್ನು ಹಂಚಿದ.

"ಅಕ್ಕ ಏನು ಮಾಡಿದಳು?"

"ಎರಡು ಚೂರು ತಿಂದಳು. ನಾವು ಏನನ್ನೂ ವ್ಯರ್ಥ ಮಾಡುವವರಲ್ಲ."

ಅಪ್ಪನಿಗೆ ಮೂರು ಮದುವೆ. ಎರಡನೆಯವಳಿಗೆ ಡೈವೋರ್ಸ್ ಆದರೂ ತನ್ನ ನಾಯಿಗಳನ್ನು ಬಿಟ್ಟುಹೋಗಲು ಒಪ್ಪದೆ ಮನೆಯ ಪೂರ್ವದ ಕಡೆ ಉಳಿದುಕೊಂಡಳು. ಮೂರನೆಯವಳು ಪಶ್ಚಿಮಕ್ಕೆ ಬಂದಳು. ರಾತ್ರಿ ಊಟಕ್ಕೆ ಒಂದೇ ಮೇಜು. ಉಪ್ಪು ಬೇಕಾದರೆ ಒಬ್ಬಳು ಇನ್ನೊಬ್ಬಳನ್ನು ಕೇಳುತ್ತಿರಲಿಲ್ಲ, ಅಪ್ಪನೇ ಎದ್ದು ಹೋಗಿ ಕೊಡಬೇಕಿತ್ತು. "ಅಪ್ಪ ಸಣ್ಣಗಾದದ್ದು ಆಗಲೇ."

ಇದನ್ನು ಹೇಳುವಾಗ ನಿಧಿ ತಲೆ ಕೆರೆದುಕೊಂಡು, "ಅಮ್ಮಾ, ಸೋ ಮೆನಿ ವೈಫ್ಸ್. ನೀನೇ ಕೇಳು, ಐ ಗಿವ್ ಅಪ್" ಎಂದು ಒಳಗೆ ಹೋದಳು.

ನನಗೆ ತುಂಬ ಇಷ್ಟವಾದದ್ದು ಅವರ ದೊಡ್ಡತ್ತೆಯ ಕತೆ. ಅಷ್ಟು ದೊಡ್ಡ ಮನೆಯ ಹೆಂಗಸು ಸರೋವರದ ದೋಣಿಯವನ ಗುಡಿಸಲಿಗೆ ಹೋಗಿ ಇದ್ದುಬಿಟ್ಟಳು. ಚರ್ಚೂ ಇಲ್ಲ, ಕಾಗದವೂ ಇಲ್ಲ. ಅವಳು ಸತ್ತ ಮೇಲೆ ಹೆಂಡತಿ ಹೌದೋ ಅಲ್ಲವೋ ಎಂದು ಕೋರ್ಟಿನಲ್ಲಿ ತಕರಾರು ಬಂತು. ಅಗಸಗಿತ್ತಿ, ಬ್ರೆಡ್ಡಿನವನು, ಅಂಚೆಯವನು ಎಲ್ಲರೂ ಹೋಗಿ ಸಾಕ್ಷಿ ಹೇಳಿದರು. ನಾವೆಲ್ಲ ಆಕೆಯನ್ನು ದೋಣಿಯವನ ಹೆಂಡತಿ ಅಂತಲೇ ಕರೆದದ್ದು ಎಂದರು. ಜಡ್ಜು ಸರಿ ಎಂದ. ಊರು ಗಂಡ ಹೆಂಡತಿ ಅಂದರೆ ಕಾನೂನೂ ಹಾಗೇ ಅನ್ನಬೇಕು, ಅದು ಅಲ್ಲಿನ ಹಳೆಯ ಪದ್ಧತಿಯಂತೆ.

"ನಮ್ಮ ಕಡೆ ಕೆಲವರಲ್ಲಿ ಕೂಡಿಕೆ ಅಂತ ಇದೆ ಓಕುಸಾನ್. ಒಂದು ಸೀರೆ ಉಡಿಸಿ ಕರಕೊಂಡು ಬಂದರೆ ಆಯಿತು."

"ಸೀರೆಯಾದರೂ ಕೊಡುತ್ತಾರಲ್ಲ," ಎಂದರು. "ದೊಡ್ಡತ್ತೆಗೆ ಸಿಕ್ಕಿದ್ದು ಮೀನಿನ ವಾಸನೆ."

ತಮ್ಮ ಕತೆಯನ್ನು ಅವರು ಬೇರೆ ಯಾರದೋ ಎಂಬಂತೆ ಹೇಳಿದರು. ಕೋಟೆಯ ತೋಟದಲ್ಲಿ ಜಪಾನೀ ಉದ್ಯಾನ ಮಾಡಿಸಲು ಅಪ್ಪ ಇಲ್ಲಿಂದ ಒಬ್ಬ ಮಾಲಿಯನ್ನು ಕರೆಸಿದ. ಕಿರಿಯ ಮಗಳು ದಿನಾ ಹೋಗಿ ಅವನು ಕಲ್ಲು ಇಡುವುದನ್ನು ನೋಡಿದಳು. ಒಂದು ಕಲ್ಲಿಗೆ ಅವನು ಮೂರು ದಿನ ತೆಗೆದುಕೊಳ್ಳುತ್ತಿದ್ದ. "ನಮ್ಮ ಮನೆಯಲ್ಲಿ ಮದುವೆಗೂ ಯಾರೂ ಅಷ್ಟು ಯೋಚನೆ ಮಾಡಿದವರಿರಲಿಲ್ಲ," ಎಂದರು. ಉದ್ಯಾನ ಮುಗಿದಾಗ ಅವನ ಜೊತೆ ಅವಳೂ ಹೊರಟಳು.

ಎರಡನೇ ವರ್ಷ, ಇಲ್ಲಿ ಬೇಸಿಗೆಯಾದ ಜುಲೈಯಲ್ಲಿ, ಓಜಿಸಾನ್ ಆಸ್ಪತ್ರೆ ಸೇರಿದರು. ಕೊರೋನಾ ಅಲ್ಲ, ಶ್ವಾಸಕೋಶಕ್ಕೆ ನೀರು ತುಂಬಿತ್ತು. ಯಾರನ್ನೂ ಒಳಗೆ ಬಿಡದ ದಿನಗಳು. ರೋಗ ಜೋರಾಗಿದ್ದರೆ ಮಾತ್ರ, ಮನೆಯವರಲ್ಲಿ ಒಬ್ಬರು, ಹದಿನೈದು ನಿಮಿಷ. ಓಕುಸಾನ್ ಬೆಳಿಗ್ಗೆ ಹೋದವರು ಮಧ್ಯಾಹ್ನವೇ ವಾಪಸು ಬಂದರು. ಕುರ್ಚಿ ಹಾಕಿಕೊಂಡು ಕೂತರು. ಟೀ ತರಲಿಲ್ಲ.

"ಒಂದು ಫಾರ್ಮ್ ಕೊಟ್ಟರು ಗಿರಿಜಾಸಾನ್. ರೋಗಿಗೂ ನಿಮಗೂ ಏನು ಸಂಬಂಧ ಅಂತ ಅದರಲ್ಲಿ ಬರೆಯಬೇಕು."

"ಹೆಂಡತಿ ಅಂತ ಬರೆಯೋದು."

"ಬರೆಯಲಿಲ್ಲ. ನಾನು ಹೆಂಡತಿ ಅಲ್ಲ."

ನನ್ನ ಕಾಫಿ ಲೋಟ ಕೆಳಗಿಟ್ಟೆ. ಐವತ್ತು ವರ್ಷದ ಸಂಸಾರ. ಅವರೇ ಹೇಳಿದರು. ಮಾಲಿಯ ಜೊತೆ ಬಂದಾಗ ಅವರಿಗೆ ಅಲ್ಲಿ ಮದುವೆಯಾಗಿತ್ತು. ಪಕ್ಕದ ಜಮೀನಿನ ವಾರಸುದಾರ, ಎರಡು ಗುಡ್ಡ ಕೂಡಿಸಲು ಮಾಡಿದ ಮದುವೆ. ಡೈವೋರ್ಸ್ ಕೊಡಿಸಿ ಎಂದು ಅಪ್ಪನಿಗೆ ಒಂದು ಕಾಗದ ಬರೆದರು. ಅದು ಒಡೆಯದೆ ವಾಪಸು ಬಂತು. ಬೇಕಾದರೆ ಮನೆಗೆ ಬಂದು, ಎದುರಿಗೆ ನಿಂತು ಕೇಳಲಿ ಎಂದು ಅಪ್ಪ ಹೇಳಿಕಳಿಸಿದ. ಇವರು ಮತ್ತೆ ಬರೆಯಲಿಲ್ಲ. ಆ ಮನೆಯಿಂದ ಇನ್ನು ಏನನ್ನೂ ಕೇಳುವುದಿಲ್ಲ ಎಂದು ಹಠ ಹಿಡಿದರು. ಓಜಿಸಾನ್ ಕೂಡ ಒಂದು ದಿನವೂ ಕೇಳಲಿಲ್ಲವಂತೆ.

"ಸುಮ್ಮನೆ ಹೆಂಡತಿ ಅಂತ ಬರೆದಿದ್ದರೆ ಯಾರು ನೋಡೋರು ಓಕುಸಾನ್? ಎಲ್ಲರೂ ಹಾಗೇ ತಿಳಿದಿರೋದು."

"ನಮ್ಮ ಮನೆಯವರು ಏನು ಬೇಕಾದರೂ ಮಾಡುತ್ತೇವೆ. ಸಹಿ ಹಾಕಿ ಸುಳ್ಳು ಹೇಳುವುದಿಲ್ಲ."

ಡಾಕ್ಟರ ಫೋನು ಸೆಂಡಾಯಿಯಲ್ಲಿದ್ದ ಓಜಿಸಾನರ ಅಣ್ಣನ ಮಗನಿಗೆ ಹೋಗುತ್ತಿತ್ತು. ಅವನು ಸಂಜೆ ಇವರಿಗೆ ಫೋನು ಮಾಡಿ, ಹೇಗಿದ್ದಾರೆಂದು ಎರಡು ಮಾತು ಹೇಳುತ್ತಿದ್ದ. ತಮ್ಮ ಪಕ್ಕದ ಹಾಸಿಗೆಯ ಸುದ್ದಿ ಮುನ್ನೂರು ಕಿಲೋಮೀಟರು ಸುತ್ತಿಕೊಂಡು ಬರುವುದನ್ನು ಓಕುಸಾನ್ ಎಷ್ಟು ದಿನ ತಡೆದಾರು? ಒಂಬತ್ತನೆಯ ದಿನ ನಮ್ಮ ಗಂಟೆ ಬಾರಿಸಿದರು. ಕಂಪ್ಯೂಟರಿನಲ್ಲಿ ಒಬ್ಬರನ್ನು ಹುಡುಕಿಕೊಡಬೇಕು ಎಂದು ಯಜಮಾನರನ್ನು ಕೇಳಿದರು. ಮುಖ ಕೆಂಪಾಗಿತ್ತು. ಕೇಳಬಾರದೆಂದಿದ್ದ ಮನೆಯನ್ನು ಕೇಳಲು ಹೊರಟಿದ್ದರು.

ಹುಡುಕುವುದು ಕಷ್ಟವಾಗಲಿಲ್ಲ. ಕೋಟೆ ಈಗ ಟಿಕೆಟ್ಟು ಕೊಟ್ಟು ನೋಡುವ ಜಾಗ. ಇವರ ಅಣ್ಣ ತೀರಿಕೊಂಡು, ಅವನ ಮಗಳು ನೋಡಿಕೊಳ್ಳುತ್ತಿದ್ದಾಳೆ. ನಾಲ್ಕು ದಿನದ ಮೇಲೆ ನಮ್ಮ ಊಟದ ಮೇಜಿನ ಲ್ಯಾಪ್‌ಟಾಪಿನಲ್ಲಿ ಅವಳ ಮುಖ ಕಂಡಿತು. ಐವತ್ತರ ಹೆಂಗಸು. ಅವಳ ಸ್ವೆಟರಿಗೂ ಮೊಣಕೈಯಲ್ಲಿ ತೇಪೆ.

ಅವಳು ಬಾಯಿ ಮೇಲೆ ಕೈಯಿಟ್ಟುಕೊಂಡಳು. "ಅತ್ತೆ, ನೀವು ಸರೋವರದಲ್ಲಿ ಮುಳುಗಿ ಸತ್ತಿದ್ದೀರಲ್ಲ! ಗೈಡುಗಳು ದಿನಾ ಹೇಳುತ್ತಾರೆ. ದೋಣಿ ಮಾತ್ರ ಸಿಕ್ಕಿತು ಅಂತ. ಕೇಳಿ ಕೆಲವರು ಅಳುತ್ತಾರೆ."

"ಯಾವ ದೋಣಿ?"

"ಹಸಿರು ಬಣ್ಣದ್ದು. ಅದಕ್ಕೆ ಹಗ್ಗ ಕಟ್ಟಿ ನಿಲ್ಲಿಸಿದ್ದೇವೆ. ಗೈಡುಗಳ ಕತೆ ತಿದ್ದಿಸಲೇ?"

"ಬೇಡ," ಎಂದರು ಓಕುಸಾನ್. "ನಿನ್ನ ಟಿಕೆಟ್ಟು ಕಡಿಮೆಯಾದೀತು. ಮುಳುಗಿದವಳು ಮುಳುಗಿಯೇ ಇರಲಿ. ನನಗೆ ಬೇರೆ ಒಂದು ಬೇಕು." ಡೈವೋರ್ಸ್ ವಿಷಯ ಹೇಳಿದರು.

ಅವಳು ಮೆತ್ತಗೆ, "ಅತ್ತೆ, ಅವರು ಹೋಗಿ ಇಪ್ಪತ್ತು ವರ್ಷವಾಯಿತು. ನಿಮಗೆ ಬೇಕಾದದ್ದು ಡೈವೋರ್ಸ್ ಅಲ್ಲ, ಅವರ ಮರಣಪತ್ರ" ಎಂದಳು.

ಓಕುಸಾನ್ ನನ್ನ ಕಡೆ ತಿರುಗಿದರು. "ಇಪ್ಪತ್ತು ವರ್ಷದಿಂದ ನಾನು ವಿಧವೆಯಂತೆ ಗಿರಿಜಾಸಾನ್." ನಗುತ್ತಾರೆಂದುಕೊಂಡೆ. ನಗಲಿಲ್ಲ. ಮೇಜಿನ ಮೇಲಿದ್ದ ಅನ್ನದ ಅಗುಳೊಂದನ್ನು ಬೆರಳಿನಿಂದ ಒತ್ತಿ ತೆಗೆದರು. "ಕುದುರೆ ಚೆನ್ನಾಗಿ ಓಡಿಸುತ್ತಿದ್ದ," ಎಂದರು. ಅಷ್ಟೇ.

ವಿಮಾನಗಳೇ ಅಪರೂಪವಾಗಿದ್ದ ಕಾಲ. ಕಾಗದ ಬರುವುದು ತಡವಾಯಿತು. ಓಕುಸಾನ್ ದಿನಕ್ಕೆ ಮೂರು ಸಲ ಕೆಳಗಿಳಿದು ಅಂಚೆಪೆಟ್ಟಿಗೆ ನೋಡುತ್ತಿದ್ದರು. ಓಜಿಸಾನ್ ಒಂದು ವಾರ ಸುಧಾರಿಸಿದರೆ ಇನ್ನೊಂದು ವಾರ ಕುಗ್ಗುತ್ತಿದ್ದರು. ಹೀಗೆ ಆಡಿಸುತ್ತ ಎರಡು ತಿಂಗಳು ಹೋಯಿತು. ಕಾಗದ ಬಂತು, ಅದನ್ನು ತೋರಿಸಿ ಎಂಬಸಿಯಿಂದ ಮದುವೆಗೆ ಅಡ್ಡಿಯಿಲ್ಲ ಎನ್ನುವ ಪತ್ರವೂ ಆಯಿತು. ಮದುವೆಯ ಫಾರ್ಮಿಗೆ ಓಜಿಸಾನರ ಸಹಿಯನ್ನು ಒಬ್ಬ ನರ್ಸು ಒಳಗೆ ಹೋಗಿ ಹಾಕಿಸಿಕೊಂಡು ಬಂದಳು. ಇಲ್ಲಿ ಮದುವೆ ಅಂದರೆ ಅಷ್ಟೇ. ಮಂತ್ರ ಇಲ್ಲ, ಉಂಗುರ ಇಲ್ಲ. ಒಂದು ಹಾಳೆ, ಅದರಲ್ಲಿ ಇಬ್ಬರು ಸಾಕ್ಷಿಗಳ ಸಹಿ, ಸಿಟಿ ಆಫೀಸಿನ ಕಿಟಕಿ.

ಸಾಕ್ಷಿಗೆ ನಮ್ಮಿಬ್ಬರನ್ನು ಕೇಳಿದರು. ನಾನು ಗೋಡೆಯ ಕ್ಯಾಲೆಂಡರು ನೋಡಿದೆ.

"ಓಕುಸಾನ್, ಪಿತೃಪಕ್ಷ ನಡೀತಿದೆ. ಸತ್ತ ಹಿರಿಯರ ಹದಿನೈದು ದಿನ. ನಮ್ಮಲ್ಲಿ ಮದುವೆ ಮಾತೂ ಎತ್ತೋದಿಲ್ಲ. ಇನ್ನೊಂದು ವಾರ ಕಳೀಲಿ."

ಯಜಮಾನರು, "ಲೇ, ಆ ಮನುಷ್ಯ ಆಕ್ಸಿಜನ್ ಮೇಲೆ ಇದಾನೆ" ಎಂದು ನನ್ನನ್ನು ಗದರಿಸಿದರು.

"ನನಗೂ ಗೊತ್ತು ಕಣ್ರೀ. ಸಹಿ ಹಾಕೋಳು ನಾನು. ನಾಳೆ ಏನಾದ್ರೂ ಹೆಚ್ಚುಕಡಿಮೆ ಆದ್ರೆ ನನ್ನ ಕೈಯಿಂದ ಆಯ್ತು ಅನ್ನಿಸಲ್ವಾ?"

ಓಕುಸಾನರಿಗೆ ಕನ್ನಡ ಬರದು. ನಮ್ಮ ಮುಖ ನೋಡಿಯೇ ತಿಳಿದುಕೊಂಡರು. "ನಮ್ಮ ಮನೆಯ ಮದುವೆಗಳೆಲ್ಲ ಒಳ್ಳೆಯ ದಿನ ನೋಡಿ, ಒಳ್ಳೆಯ ಚರ್ಚಿನಲ್ಲಿ, ಬಿಷಪ್ಪನ್ನು ಕರೆಸಿ ಮಾಡಿದ್ದು ಗಿರಿಜಾಸಾನ್. ಹೇಗೆ ನಡೆದವೆಂದು ನಿಮಗೆ ಹೇಳಿದ್ದೇನೆ. ಒಂದಾದರೂ ಕೆಟ್ಟ ದಿನ ಆಗಲಿ, ನೋಡೋಣ."

ನಾನು ಕೈ ತೊಳೆದು ಬಂದು ಸಹಿ ಹಾಕಿದೆ.

ನನ್ನ ಸಹಿಯ ಕೆಳಗೆ ಯಜಮಾನರು ಹಾಕಿದರು. ಓಕುಸಾನ್ ಎರಡನ್ನೂ ನೋಡಿ ಹುಬ್ಬೇರಿಸಿದರು. "ನಿಮ್ಮಿಬ್ಬರ ಕೊನೆಯ ಹೆಸರು ಬೇರೆ ಬೇರೆ!"

ನನ್ನದು ಅಪ್ಪನ ಹೆಸರು, ಅವರದು ಊರಿನ ಹೆಸರು ಎಂದು ತಿಳಿಸಿದೆ. ಮಾತಿಗೆ ಮಾತು ಬಂದು, ನಮ್ಮ ಮದುವೆ ರಿಜಿಸ್ಟರ್ ಆದದ್ದು ವೀಸಾಕ್ಕೆ ಬೇಕೆಂದು, ಮದುವೆಯಾದ ಎಂಟು ವರ್ಷದ ಮೇಲೆ ಎಂದೂ ಹೇಳಿಬಿಟ್ಟೆ.

"ಅಂದರೆ ಎಂಟು ವರ್ಷ ನೀವೂ ನಮ್ಮ ಹಾಗೇ!"

ಯಜಮಾನರ ಕಿವಿ ಕೆಂಪಾಯಿತು. "ಹಾಗಲ್ಲ, ಹಾಗಲ್ಲ. ಛತ್ರದಲ್ಲಿ ಆಯಿತು. ಎಂಟುನೂರು ಜನ ಊಟ ಮಾಡಿದರು."

"ಎಂಟುನೂರು ಸಾಕ್ಷಿ! ನೀವು ಒಬ್ಬರನ್ನೊಬ್ಬರು ಅಷ್ಟೊಂದು ನಂಬಿರಲಿಲ್ಲವೇ? ನನಗೆ ಎರಡು ಸಾಕು." ಅವರು ನಕ್ಕದ್ದು ಕಾರಿಡಾರಿಗೆಲ್ಲ ಕೇಳಿಸಿತು.

ಪಕ್ಷದಲ್ಲಿ ಸಿಹಿ ಮಾಡಬಹುದೋ ಇಲ್ಲವೋ ಎಂದು ಅಮ್ಮನಿಗೆ ಫೋನು ಮಾಡಿ ಕೇಳಿದರೆ ಬೈಸಿಕೊಳ್ಳಬೇಕು. ಕೇಳದೆ ಹೋಳಿಗೆ ಮಾಡಿದೆ. ಸಿಟಿ ಆಫೀಸಿನಲ್ಲಿ ಪ್ಲಾಸ್ಟಿಕ್ ಪರದೆಯ ಆಚೆಯ ಹುಡುಗಿ ಹಾಳೆಯನ್ನು ಎರಡು ಸಲ ಓದಿ, ಎದ್ದು ನಿಂತು ಬಗ್ಗಿ ಶುಭಾಶಯ ಹೇಳಿದಳು. ಎಪ್ಪತ್ತೊಂಬತ್ತರ ಮದುಮಗಳು ತೇಪೆಯ ಸ್ವೆಟರಿನಲ್ಲೇ ಬಗ್ಗಿ ನಮಸ್ಕರಿಸಿದರು. ಹೊರಗೆ ಬಂದು ಬೆಂಚಿನ ಮೇಲೆ ಕೂತು ಮೂರು ಹೋಳಿಗೆ ತಿಂದರು.

ಆಸ್ಪತ್ರೆಗೂ ನಾನೇ ಜೊತೆ ಹೋದೆ. ನನ್ನನ್ನು ಬಾಗಿಲಿನಿಂದಾಚೆ ಬಿಡಲಿಲ್ಲ, ಬಸ್‌ಸ್ಟಾಪಿನಲ್ಲಿ ಕಾದೆ. ಫಾರ್ಮಿನಲ್ಲಿ ಈ ಸಲ ದೊಡ್ಡ ಅಕ್ಷರದಲ್ಲಿ ಬರೆದರಂತೆ. ಅರ್ಧ ಗಂಟೆಯ ಮೇಲೆ ಬಂದರು. ಕೂದಲೆಲ್ಲ ಕೆದರಿತ್ತು.

"ಏನಂದರು?"

"ಜಗಳವಾಡಿದೆವು. ಹದಿನೈದರಲ್ಲಿ ಹದಿನಾಲ್ಕು ನಿಮಿಷ."

"ಅಯ್ಯೋ!"

"ಐವತ್ತು ವರ್ಷ ಬೇಡವಾದದ್ದು ಈಗ ಯಾಕೆ, ನಾನು ಸಾಯುತ್ತೇನೆ ಅಂತ ನಿನಗೆ ಯಾರು ಹೇಳಿದರು ಅಂತ ಕೇಳಿದ. ಸಾಯುವುದು ನಿನ್ನಿಷ್ಟ, ಆದರೆ ಸುದ್ದಿ ಸೆಂಡಾಯಿಯಿಂದ ಬರಬಾರದು ಅಂದೆ. ಪೈನ್ ಗಿಡಕ್ಕೆ ನೀರು ಹೆಚ್ಚು ಹಾಕುತ್ತಿದ್ದೀಯಾ ಅಂತ ಬೈದ."

"ಉಳಿದ ಒಂದು ನಿಮಿಷ?"

"ಅದು ನಿಮಗೆ ಹೇಳುವುದಲ್ಲ," ಎಂದು ಬಸ್ಸು ಹತ್ತಿದರು.

ಮಾತಾಡಲು ಉಸಿರಿಲ್ಲದವರಿಗೆ ಜಗಳವಾಡಲು ಉಸಿರು ಬಂದಿತ್ತು. ನವೆಂಬರಿನಲ್ಲಿ ಓಜಿಸಾನ್ ಮನೆಗೆ ಬಂದರು. ಆ ಚಳಿಗಾಲ ಕಾರಿಡಾರಿನಲ್ಲಿ ಮೂರು ಕುರ್ಚಿ. ಓಕುಸಾನ್ ಅವರನ್ನು "ನನ್ನ ಹೊಸ ಗಂಡ" ಎನ್ನುವುದು, ಓಜಿಸಾನ್ ಕೇಳಿಸದವರಂತೆ ಕೂರುವುದು. ಒಂದು ದಿನ ಸಾರು ತಳ ಹತ್ತಿ ಹೋಗಿತ್ತು. ಓಕುಸಾನ್ ಎಂದಿನ ಮಾತು ಶುರು ಮಾಡುವಷ್ಟರಲ್ಲಿ ಓಜಿಸಾನ್, "ಅವರ ಮನೆಯಲ್ಲಿ ಇದಕ್ಕಿಂತ ಕೆಟ್ಟದ್ದು ನಡೆದಿದೆ. ನಾನೇ ಅದು" ಎಂದರು. ಎರಡು ವರ್ಷದಲ್ಲಿ ಅವರು ಆಡಿದ ಅತಿ ಉದ್ದದ ಮಾತು ಅದೇ ಇರಬೇಕು.

ಮಾರ್ಚಿನ ಒಂದು ಬೆಳಿಗ್ಗೆ ನಮ್ಮ ಬಾಗಿಲ ಗಂಟೆ ಸದ್ದಾಯಿತು. ಓಜಿಸಾನ್ ನಿಂತಿದ್ದರು, ಮಾಸ್ಕಿಲ್ಲದೆ. ಅವರ ಪೂರ್ತಿ ಮುಖವನ್ನು ಅಷ್ಟು ಹತ್ತಿರದಿಂದ ನೋಡಿದ್ದು ಅದೇ ಮೊದಲು. ಗದ್ದದಲ್ಲಿ ಒಂದು ಹಳೆಯ ಗಾಯದ ಗುರುತಿತ್ತು. ರಾತ್ರಿ ಮಲಗಿದವರು ಓಕುಸಾನ್ ಏಳಲಿಲ್ಲ. ಸಾವು ಅವರಿಗೇ ಮೊದಲು ಬಂತು.

ಸಾವಿನ ಕಾಗದದಲ್ಲಿ ಸಂಬಂಧದ ಜಾಗಕ್ಕೆ ಓಜಿಸಾನ್ ಗಂಡ ಎಂದು ಬರೆದರು. ಅವರ ಮನೆತನದ ಸಮಾಧಿಯಲ್ಲಿ ಓಕುಸಾನರನ್ನು ಇಡಲು ಯಾರೂ ಎದುರಾಡುವ ಹಾಗಿರಲಿಲ್ಲ. ಮುಂದೆ ಓಜಿಸಾನ್ ಕೂಡ ಈ ಮನೆ ಬಿಟ್ಟು ಸೆಂಡಾಯಿಗೆ ಅಣ್ಣನ ಮಗನ ಹತ್ತಿರ ಹೋದರು.

ಗಡಿ ಇನ್ನೂ ತೆರೆದಿರಲಿಲ್ಲ, ಸ್ಕಾಟ್‌ಲೆಂಡಿನಿಂದ ಯಾರೂ ಬರುವ ಹಾಗಿರಲಿಲ್ಲ. ಸೆಂಡಾಯಿಯ ಹುಡುಗನಿಗೆ ಜ್ವರ. ಇಲ್ಲಿ ದಹನವಾದ ಮೇಲೆ ಮನೆಯವರು ಇಬ್ಬಿಬ್ಬರಾಗಿ ಚಾಪ್‌ಸ್ಟಿಕ್ ಹಿಡಿದು, ಒಂದೇ ಎಲುಬನ್ನು ಒಟ್ಟಿಗೆ ಎತ್ತಿ ಕುಡಿಕೆಗೆ ಹಾಕಬೇಕು. ಒಬ್ಬರೇ ಮಾಡುವ ಹಾಗಿಲ್ಲ. ಓಜಿಸಾನ್ ನನ್ನ ಕಡೆ ನೋಡಿದರು. ನಮ್ಮಲ್ಲಿ ಹೆಂಗಸರು ಸ್ಮಶಾನಕ್ಕೆ ಹೋಗುವುದಿಲ್ಲ. ಅಪ್ಪ ಹೋದಾಗಲೂ ನಾನು ಬಾಗಿಲಲ್ಲೇ ನಿಂತವಳು.

ಅಲ್ಲಿನ ಸಿಬ್ಬಂದಿ ತಲೆಬಾಗಿ, ಇವರು ನಿಮಗೆ ಏನಾಗಬೇಕು ಎಂದು ಕೇಳಿದ.

"ನಮ್ಮ ಮದುವೆ ಮಾಡಿಸಿದವಳು," ಎಂದರು ಓಜಿಸಾನ್.

ಪಾದದ ಕಡೆಯಿಂದ ಶುರುಮಾಡಿದೆವು. ಕುಡಿಕೆಯೊಳಗೆ ಅವರು ತಲೆ ಮೇಲಾಗಿಯೇ ಇರಬೇಕಲ್ಲ, ಅದಕ್ಕೆ ಹಾಗೆ. ನನಗೆ ಹೆದರಿಕೆಯಾಗುತ್ತದೆ ಎಂದುಕೊಂಡಿದ್ದೆ, ಆಗಲಿಲ್ಲ. ಓಜಿಸಾನ್ ಒಂದೊಂದಕ್ಕೂ ತುಂಬ ಹೊತ್ತು ತೆಗೆದುಕೊಂಡರು. ನಾನೂ ಅವಸರ ಮಾಡಲಿಲ್ಲ.

ಮನೆಗೆ ಬಂದು ತಲೆಗೆ ನೀರು ಹಾಕಿಕೊಂಡೆ. ಹೊರಗೆ ಬಂದರೆ ಯಜಮಾನರು ದೇವರ ಗೂಡಿನ ಮುಂದೆ ಬೆಂಕಿಪೆಟ್ಟಿಗೆ ಹಿಡಿದು ನಿಂತಿದ್ದರು, ದೀಪ ಹಚ್ಚಿರಲಿಲ್ಲ.

"ಸೂತಕ ಎಷ್ಟು ದಿನ?" ಎಂದು ಕೇಳಿದರು.

"ಹತ್ತು," ಎಂದೆ.

ನಮ್ಮ ಮನೆಯವರೇ ಹೋದರೆ ಹಿಡಿಯುವಷ್ಟು. ಬೆಂಕಿಪೆಟ್ಟಿಗೆಯನ್ನು ಗೂಡಿನ ಪಕ್ಕ ಇಟ್ಟು, ಅವರೂ ಸ್ನಾನಕ್ಕೆ ಹೋದರು.